ಜ್ವರಕ್ಕೆ ಸತ್ತ ತಾರೆ: ಊರು ನಂಬಲಿಲ್ಲ, ಕತೆ ನಿಲ್ಲಲಿಲ್ಲ

1919ರ ಫೆಬ್ರವರಿ 16, ಭಾನುವಾರ. ಕಪ್ಪು ಸಮುದ್ರದ ದಂಡೆಯಲ್ಲಿರೋ ಒಡೆಸ್ಸಾ ಬಂದರಿನಲ್ಲಿ ಮೈ ಕೊರೆಯುವ ಚಳಿ. ಪೇಟೆ ನಡುವಿನ ದೊಡ್ಡ ಚರ್ಚಿನ ಚೌಕದ ಬಳಿ ಒಂದು ಮನೆ. ಆ ಮನೆ ಮುಂದೆ ಜನ ಸೇರಿದ್ದರು. ಒಳಗೆ ಹೋಗುವ ವೈದ್ಯರ ಮುಖ ನೋಡುವುದು, ಹೊರಗೆ ಬರುವ ವೈದ್ಯರ ಮುಖ ನೋಡುವುದು, ಇಷ್ಟೇ ಅವರ ಕೆಲಸ. ಸಂಜೆ ಹೊತ್ತಿಗೆ ಸುದ್ದಿ ಹೊರಗೆ ಬಂತು. ರಷ್ಯಾದ ಬೆಳ್ಳಿತೆರೆಯ ರಾಣಿ ವೇರಾ ಖೊಲೊದ್ನಾಯಾ ಇನ್ನಿಲ್ಲ.

ಆಕೆಗೆ ಆಗ ಬರೀ 25 ವರ್ಷ.

ವೈದ್ಯರು ಹೇಳಿದ ಕಾರಣ ಒಂದೇ. ಸ್ಪ್ಯಾನಿಷ್ ಫ್ಲೂ. ಆ ಕಾಲದಲ್ಲಿ ಜಗತ್ತಿನ ಮೂಲೆ ಮೂಲೆಯಲ್ಲೂ ಮನೆಗಳನ್ನು ಖಾಲಿ ಮಾಡುತ್ತಿದ್ದ ಜ್ವರ. ಆದರೆ ಊರು ಒಪ್ಪಬೇಕಲ್ಲ! ಅಂಥ ಸುಂದರಿ, ಅಂಥ ಹೆಸರುವಾಸಿ, ಕೂಲಿಯವನು ಸತ್ತ ಹಾಗೆ ಜ್ವರ ಬಂದು ಸತ್ತಳೇ? ಇದರಲ್ಲಿ ಏನೋ ಇದೆ ಅಂತ ಗುಸುಗುಸು ಎದ್ದಿತು. ಯಾರೋ ವಿಷ ಹಾಕಿದರು ಅಂದರು. ಗೂಢಚಾರಿಣಿಯಾಗಿದ್ದಳು, ಮುಗಿಸಿಬಿಟ್ಟರು ಅಂದರು. ನೂರು ವರ್ಷ ದಾಟಿದರೂ ಆ ಪುಕಾರು ಪೂರ್ತಿ ತಣ್ಣಗಾಗಿಲ್ಲ.

ಹಾಗಾದರೆ ಈಕೆ ಯಾರು? ಬದುಕಿದ್ದಾಗ ಏನು ಮಾಡಿದಳು? ಸತ್ತಿದ್ದು ಹೇಗೆ?

ಮೇಷ್ಟ್ರ ಮಗಳು

ವೇರಾ ಹುಟ್ಟಿದ್ದು 1893ರ ಆಗಸ್ಟಿನಲ್ಲಿ, ಪೊಲ್ತಾವಾ ಎಂಬ ಊರಿನಲ್ಲಿ. ಆಗ ಅದು ಝಾರ್ ದೊರೆಗಳ ರಷ್ಯಾಕ್ಕೆ ಸೇರಿತ್ತು, ಈಗ ಉಕ್ರೇನಿನಲ್ಲಿದೆ. ತಂದೆ ವಾಸಿಲಿ ಲೆವ್‌ಚೆಂಕೊ ಮೇಷ್ಟ್ರು. ಹಣದಲ್ಲಿ ದೊಡ್ಡ ಮನೆತನವಲ್ಲ, ಆದರೆ ಓದು, ಸಂಗೀತ ಇದ್ದ ಮನೆ. ಮಗುವಿಗೆ ಎರಡು ವರ್ಷ ಆಗುವಾಗ ಸಂಸಾರ ಮಾಸ್ಕೋದಲ್ಲಿದ್ದ ಅಜ್ಜಿಯ ಆಸರೆಗೆ ಬಂತು. ಆಮೇಲೆ ಇಬ್ಬರು ತಂಗಿಯರು ಹುಟ್ಟಿದರು. ವೇರಾ ಇನ್ನೂ ಚಿಕ್ಕವಳಿರುವಾಗಲೇ ತಂದೆ ತೀರಿಕೊಂಡರು. ಮನೆಯಲ್ಲಿ ಉಳಿದವರೆಲ್ಲ ಹೆಂಗಸರೇ.

ಹುಡುಗಿಗೆ ಕುಣಿತದ ಹುಚ್ಚು. ಮಾಸ್ಕೋದ ಹೆಸರಾಂತ ಬಾಲ್ಷೊಯ್ ಥಿಯೇಟರಿನ ಬ್ಯಾಲೆ ಶಾಲೆಗೆ ಸೇರಿಕೊಂಡಳು. ಅಲ್ಲಿ ಸೀಟು ಸಿಗುವುದು ಅಂದರೆ ಹುಡುಗಾಟವಲ್ಲ. ಆದರೆ ಅಜ್ಜಿ ಹಳೇ ಕಾಲದವರು. ಮರ್ಯಾದಸ್ಥರ ಮನೆ ಹುಡುಗಿ ರಂಗದ ಮೇಲೆ ಕುಣಿಯೋದೇ ಅಂತ ಹಟ ಹಿಡಿದರು. ಬ್ಯಾಲೆ ಅಲ್ಲಿಗೇ ನಿಂತಿತು. ಹುಡುಗಿ ಮಾಮೂಲಿ ಶಾಲೆಗೆ ವಾಪಸಾದಳು.

ಆದರೂ ನಾಟಕದ ಗುಂಗು ಬಿಡಲಿಲ್ಲ. 15ನೇ ವಯಸ್ಸಿನಲ್ಲಿ ಅಂದಿನ ದೊಡ್ಡ ರಂಗನಟಿ ವೇರಾ ಕೊಮಿಸ್ಸಾರ್‌ಜೆವ್‌ಸ್ಕಾಯಾಳ ನಾಟಕ ನೋಡಿ ಬಂದವಳು ಜ್ವರ ಹಿಡಿದು ಮಲಗಿದಳು ಎಂದು ಅವಳ ಬದುಕು ಬರೆದವರು ಹೇಳುತ್ತಾರೆ. ಜ್ವರದ ಮಾತು ನಿಜವೋ ಅಲ್ಲವೋ, ನಾಟಕದ ಹುಚ್ಚು ಮಾತ್ರ ನಿಜ.

ಮೋಟಾರು ಹುಚ್ಚಿನ ಗಂಡ

1910ರಲ್ಲಿ ಶಾಲೆ ಮುಗಿಯಿತು. ಕೊನೇ ದಿನದ ಕೂಟದಲ್ಲಿ ವ್ಲಾದಿಮಿರ್ ಖೊಲೊದ್ನಿ ಎಂಬ ಕಾನೂನು ಓದುತ್ತಿದ್ದ ಯುವಕನ ಪರಿಚಯವಾಯಿತು. ಅದೇ ವರ್ಷ ಮದುವೆಯೂ ಆಗಿಹೋಯಿತು. ಎರಡೂ ಕಡೆಯ ಹಿರಿಯರಿಗೆ ಅಷ್ಟೇನೂ ಇಷ್ಟವಿರಲಿಲ್ಲ, ಹುಡುಗ ಹುಡುಗಿ ಕೇಳಲಿಲ್ಲ.

ಗಂಡ ವಕೀಲಿಕೆ ಹಿಡಿದನಾದರೂ ಅವನ ಜೀವ ಇದ್ದದ್ದು ಮೋಟಾರು ಕಾರಿನ ಮೇಲೆ. ರಷ್ಯಾದಲ್ಲಿ ಮೊದಮೊದಲು ಕಾರು ರೇಸಿಗೆ ಇಳಿದವರಲ್ಲಿ ಅವನೂ ಒಬ್ಬ. ಆಟೋಟದ ಪತ್ರಿಕೆಯನ್ನೂ ನಡೆಸುತ್ತಿದ್ದ. ಹೆಂಡತಿಯನ್ನೂ ಪಕ್ಕದಲ್ಲಿ ಕೂರಿಸಿಕೊಂಡು ಓಡಿಸುತ್ತಿದ್ದ, ಒಂದೆರಡು ಸಲ ಕಾರು ಮಗುಚಿದ್ದೂ ಉಂಟು.

ಈ ಮದುವೆಯಿಂದಲೇ ಆಕೆಗೆ ಲೋಕಕ್ಕೆಲ್ಲ ಗೊತ್ತಾದ ಹೆಸರು ಬಂತು. ರಷ್ಯನ್ನರಲ್ಲಿ ಗಂಡನ ಮನೆ ಹೆಸರಿಗೆ ಹೆಂಗಸಿನ ರೂಪ ಬರುತ್ತೆ. ಗಂಡ ಖೊಲೊದ್ನಿ ಆದರೆ ಹೆಂಡತಿ ಖೊಲೊದ್ನಾಯಾ. ಆ ಮಾತಿಗೆ ತಣ್ಣಗಿರುವವಳು ಎಂದು ಅರ್ಥ. ಮುಂದೆ ಸಿನಿಮಾದಲ್ಲಿ ಹೆಸರು ಬಂದಾಗ ಜನ ಇದು ಕಂಪನಿಯವರು ಇಟ್ಟ ಬಣ್ಣದ ಹೆಸರು ಅಂದುಕೊಂಡರು. ಅದು ಅಪ್ಪಟ ಗಂಡನ ಮನೆ ಹೆಸರು.

1912ರಲ್ಲಿ ಮಗಳು ಯೆವ್ಗೇನಿಯಾ ಹುಟ್ಟಿದಳು. ಹೆರಿಗೆ ಬಹಳ ಕಷ್ಟವಾಗಿ, ಇನ್ನು ಬಸುರಿಯಾಗುವುದು ಬೇಡ ಅಂತ ವೈದ್ಯರು ಹೇಳಿದರು. ಮರುವರ್ಷ ಗಂಡ ಹೆಂಡಿರು ನೋನ್ನಾ ಎಂಬ ಹೆಣ್ಣುಮಗುವನ್ನು ದತ್ತು ತೆಗೆದುಕೊಂಡರು. ಎರಡು ಮಕ್ಕಳ ತಾಯಿ, ವಯಸ್ಸು 20. ಅಷ್ಟಕ್ಕೇ ನಿಂತಿದ್ದರೆ ವೇರಾಳ ಹೆಸರು ಇವತ್ತು ಯಾರಿಗೂ ಗೊತ್ತಿರುತ್ತಿರಲಿಲ್ಲ.

ಕೆಲಸ ಕೇಳಿಕೊಂಡು ಬಂದಳು

ಆಗ ಸಿನಿಮಾ ಅಂದರೆ ಮೂಕಿ. ಮಾತಿಲ್ಲ. ನಡುನಡುವೆ ಅಕ್ಷರದ ಪಟ್ಟಿ ಬರುತ್ತೆ, ಥಿಯೇಟರಿನಲ್ಲಿ ಒಬ್ಬ ಪಿಯಾನೊ ಬಾರಿಸುತ್ತಾನೆ. ರಷ್ಯಾದವರು ಮೊದಲ ಕತೆ ಚಿತ್ರ ಮಾಡಿದ್ದೇ 1908ರಲ್ಲಿ. ನಮ್ಮ ದೇಶದಲ್ಲಿ 1913ರಲ್ಲಿ ಫಾಲ್ಕೆಯವರು 'ರಾಜಾ ಹರಿಶ್ಚಂದ್ರ' ತೆಗೆದಾಗ ತಾರಾಮತಿ ಪಾತ್ರಕ್ಕೆ ಹೆಂಗಸೇ ಸಿಗದೆ ಗಂಡಸಿಗೆ ಸೀರೆ ಉಡಿಸಬೇಕಾಯಿತು. ರಷ್ಯಾದಲ್ಲಿ ಹೆಂಗಸರು ತೆರೆಗೆ ಬರುತ್ತಿದ್ದರು, ಆದರೂ ಅದೊಂದು ಘನತೆಯ ಉದ್ಯೋಗ ಅಂತ ಯಾರೂ ಅಂದುಕೊಂಡಿರಲಿಲ್ಲ. ನಾಟಕದ ನಟರೇ ಸಿನಿಮಾ ಅಂದರೆ ಮೂಗು ಮುರಿಯುತ್ತಿದ್ದ ಕಾಲ.

ವೇರಾಳಿಗೆ ಡೆನ್ಮಾರ್ಕಿನ ನಟಿ ಆಸ್ತಾ ನೀಲ್ಸನ್ ಅಂದರೆ ಪ್ರಾಣ. ಅವಳ ಪಿಕ್ಚರ್ ಬಂದರೆ ತಪ್ಪಿಸುತ್ತಿರಲಿಲ್ಲ. 1914ರಲ್ಲಿ ಧೈರ್ಯ ಮಾಡಿ ನಿರ್ದೇಶಕ ವ್ಲಾದಿಮಿರ್ ಗಾರ್ದಿನ್ ಬಳಿ ಕೆಲಸ ಕೇಳಿಕೊಂಡು ಹೋದಳು. ಅವನು ಟಾಲ್‌ಸ್ಟಾಯ್ ಕಾದಂಬರಿ 'ಅನ್ನಾ ಕರೆನಿನಾ' ತೆಗೆಯುತ್ತಿದ್ದ. ಅದರಲ್ಲಿ ಇಟಲಿಯ ದಾದಿಯ ಪಾತ್ರ ಕೊಟ್ಟ. ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿದುಹೋಗುವ ಪಾತ್ರ. ನೋಡಲು ಚೆಂದ, ನಟನೆ ಬಾರದು, ಇದು ಗಾರ್ದಿನ್‌ಗೆ ಬಂದ ಅಭಿಪ್ರಾಯ.

ಅದೇ ವರ್ಷ ಆಗಸ್ಟಿನಲ್ಲಿ ಮಹಾಯುದ್ಧ ಶುರುವಾಯಿತು. ಗಂಡನಿಗೆ ಸೈನ್ಯದ ಕರೆ ಬಂತು. ಮನೆಯಲ್ಲಿ ಇಬ್ಬರು ಮಕ್ಕಳು, ತಾಯಿ, ತಂಗಿಯರು. ದುಡಿಯುವ ಗಂಡಸು ಯುದ್ಧಭೂಮಿಯಲ್ಲಿ. ಇದುವರೆಗೆ ಬರೀ ಆಸೆಯಾಗಿದ್ದ ಸಿನಿಮಾ ಈಗ ಮನೆ ಖರ್ಚಿನ ಪ್ರಶ್ನೆಯೂ ಆಯಿತು.

1915ರಲ್ಲಿ ವಾರ್ಸಾ ಬಳಿಯ ಕಾಳಗದಲ್ಲಿ ಗಂಡ ತೀವ್ರವಾಗಿ ಗಾಯಗೊಂಡ. ವೇರಾ ಆಸ್ಪತ್ರೆಗೆ ಧಾವಿಸಿದಳು, ಹತ್ತಿರ ಕೂತು ಆರೈಕೆ ಮಾಡಿದಳು. ಅವನು ಬದುಕಿಕೊಂಡ, ಶೌರ್ಯಕ್ಕೆ ಬಂಗಾರದ ಕತ್ತಿಯ ಗೌರವವೂ ಬಂತು. ಬೆಳ್ಳಿತೆರೆಯ ಮೋಹಿನಿಯ ಬದುಕಿನಲ್ಲಿ ಇದೂ ಒಂದು ಭಾಗ. ಪೋಸ್ಟ್‌ಕಾರ್ಡಿನ ಚಿತ್ರ ಕೊಂಡವರಿಗೆ ಇದು ಕಾಣುತ್ತಿರಲಿಲ್ಲ.

ಕಣ್ಣು ಕಂಡವನು

ಗಾರ್ದಿನ್‌ಗೆ ಕಾಣದ್ದು ಇನ್ನೊಬ್ಬನಿಗೆ ಕಂಡಿತು. ಅವನ ಹೆಸರು ಯೆವ್ಗೇನಿ ಬೌಎರ್. ಮೊದಲು ರಂಗಮಂದಿರಗಳಿಗೆ ಪರದೆ, ಸೆಟ್ ಮಾಡುತ್ತಿದ್ದ ಕಲಾವಿದ, ಆಮೇಲೆ ನಿರ್ದೇಶಕನಾದವನು. ಕೊಸಾಕ್ ಪಡೆಯ ನಿವೃತ್ತ ಅಧಿಕಾರಿ ಅಲೆಕ್ಸಾಂಡರ್ ಖಾಂಜೊಂಕೊವ್ ನಡೆಸುತ್ತಿದ್ದ ದೊಡ್ಡ ಕಂಪನಿಯಲ್ಲಿ ಕೆಲಸ. ತುರ್ಗೆನೆವ್ ಕತೆ ಆಧರಿಸಿ 'ವಿಜಯೀ ಪ್ರೇಮಗೀತೆ' ಎಂಬ ಚಿತ್ರಕ್ಕೆ ನಾಯಕಿ ಹುಡುಕುತ್ತಿದ್ದ. ವೇರಾಳನ್ನು ನೋಡಿದ, ಹುಡುಕಾಟ ನಿಲ್ಲಿಸಿದ.

ಬೌಎರ್ ಮಾಡಿದ ಜಾಣತನ ಇಷ್ಟು. ಈ ಹುಡುಗಿಗೆ ಕೈಕಾಲು ಬೀಸಿ ಅಬ್ಬರದಿಂದ ನಟಿಸಲು ಬರುವುದಿಲ್ಲ. ಬೇಡವೇ ಬೇಡ. ದೊಡ್ಡ ಕಣ್ಣುಗಳಿವೆ, ಅವು ಸಾಕು. ಅವಳನ್ನು ಸುಮ್ಮನೆ ಕೂರಿಸಿದ, ನಿಧಾನವಾಗಿ ತಿರುಗಿಸಿದ, ಮುಖದ ಮೇಲೆ ಬೆಳಕು ಬೀಳಿಸಿದ. ಆ ಕಾಲದ ಫಿಲ್ಮಿಗೆ ಕೆಂಪು ಬಣ್ಣ ಹಿಡಿಯುತ್ತಿರಲಿಲ್ಲ, ಮುಖಕ್ಕೆ ಬಿಳಿ ಬಳಿದು ಕಣ್ಣಿಗೆ ಕಪ್ಪು ತೀಡಬೇಕಿತ್ತು. ಬೇರೆಯವರಿಗೆ ಅದು ಮುಖವಾಡದಂತೆ ಕಂಡರೆ ವೇರಾಳಿಗೆ ಒಪ್ಪಿತು. ಮಿಕ್ಕ ನಟರು ರಂಗದ ಅಭ್ಯಾಸದಲ್ಲಿ ಎದೆ ಬಡಿದುಕೊಳ್ಳುವಾಗ ಇವಳು ಸುಮ್ಮನೆ ನೋಡುತ್ತಿದ್ದಳು. ಜನಕ್ಕೆ ಅದೇ ನಿಜ ಅನಿಸಿತು.

1915ರಲ್ಲಿ ಚಿತ್ರ ಬಿಡುಗಡೆಯಾಯಿತು. ಊರು ತುಂಬ ಇವಳದೇ ಮಾತು. ಖಾಂಜೊಂಕೊವ್ ತಡಮಾಡದೆ ಮೂರು ವರ್ಷದ ಒಪ್ಪಂದಕ್ಕೆ ಸಹಿ ಹಾಕಿಸಿಕೊಂಡ.

ಆಮೇಲೆ ಒಂದರ ಹಿಂದೊಂದು. 'ಈ ಶತಮಾನದ ಮಕ್ಕಳು' ಚಿತ್ರದಲ್ಲಿ ಬ್ಯಾಂಕ್ ಗುಮಾಸ್ತನ ಹೆಂಡತಿ. ದುಡ್ಡಿನ ಕುಳವೊಂದು ಅವಳ ಹಿಂದೆ ಬೀಳುತ್ತೆ, ಸಂಸಾರ ಒಡೆಯುತ್ತೆ, ಬಡ ಗಂಡ ಪ್ರಾಣ ಕಳೆದುಕೊಳ್ಳುತ್ತಾನೆ. 'ಮರೀಚಿಕೆ' ಚಿತ್ರದಲ್ಲಿ ಶ್ರೀಮಂತರ ಮನೆಗೆ ಪುಸ್ತಕ ಓದಿ ಹೇಳುವ ಕೆಲಸಕ್ಕೆ ಸೇರುವ ಹುಡುಗಿ. ಅಲ್ಲೂ ಬೆಡಗಿಗೆ ಮರುಳಾಗಿ ಹಾಳಾಗುವ ಕತೆ. 1916ರ 'ಜೀವಕ್ಕೆ ಜೀವ' ಇವೆಲ್ಲಕ್ಕಿಂತ ದೊಡ್ಡದು. ವ್ಯವಹಾರಸ್ಥೆ ತಾಯಿ, ಒಬ್ಬಳು ಹೆತ್ತ ಮಗಳು, ಒಬ್ಬಳು ಸಾಕುಮಗಳು. ರಾಜಕುಮಾರನೊಬ್ಬ ಸಾಕುಮಗಳನ್ನು ಪ್ರೀತಿಸಿ, ವರದಕ್ಷಿಣೆ ಆಸೆಗೆ ಹೆತ್ತ ಮಗಳ ಕೈ ಹಿಡಿಯುತ್ತಾನೆ. ಸಾಕುಮಗಳೇ ವೇರಾ. ಕೊನೆಗೆ ಅತ್ತೆಯೇ ಅಳಿಯನನ್ನು ಗುಂಡಿಟ್ಟು ಕೊಲ್ಲುತ್ತಾಳೆ.

ಎಲ್ಲವೂ ಅಳುಬುರುಕ ಕತೆಗಳೇ ಅಂತ ಓದುಗರಿಗೆ ಅನಿಸಬಹುದು. ರಷ್ಯಾದ ಪ್ರೇಕ್ಷಕರಿಗೆ ಬೇಕಾಗಿದ್ದೂ ಅದೇ. ಅಲ್ಲಿನ ಕಂಪನಿಗಳು ಕೆಲವು ಚಿತ್ರಗಳಿಗೆ ಎರಡು ಮುಕ್ತಾಯ ತೆಗೆಯುತ್ತಿದ್ದರು. ಹೊರದೇಶಕ್ಕೆ ಕಳಿಸುವ ಪ್ರತಿಗೆ ಸುಖಾಂತ್ಯ, ರಷ್ಯಾದ ಪ್ರತಿಗೆ ದುಃಖಾಂತ್ಯ. ಯುದ್ಧದಲ್ಲಿ ಮಗನನ್ನೋ ಗಂಡನನ್ನೋ ಕಳೆದುಕೊಂಡು ಮನೆಯಲ್ಲಿ ಅಳಲಾಗದವರು ಥಿಯೇಟರಿನ ಕತ್ತಲಲ್ಲಿ ಕೂತು ಅತ್ತರು. ಯುದ್ಧದಿಂದ ಹೊರದೇಶದ ಚಿತ್ರಗಳು ಬರುವುದೂ ಕಡಿಮೆಯಾಗಿತ್ತು. ರಷ್ಯಾದ ಕಂಪನಿಗಳಿಗೆ ಸುಗ್ಗಿ.

ಪೋಸ್ಟ್‌ಕಾರ್ಡ್ ರಾಣಿ

1916ರಲ್ಲಿ ದಿಮಿತ್ರಿ ಖಾರಿತೊನೊವ್ ಎಂಬಾತ ಮಾಸ್ಕೋದಲ್ಲಿ ಹೊಸ ಕಂಪನಿ ತೆರೆದ. ಮೂಲತಃ ಖಾರ್ಕೊವ್ ಕಡೆಯ ಥಿಯೇಟರ್ ಮಾಲೀಕ. ಯಾವ ಮುಖಕ್ಕೆ ಟಿಕೆಟ್ ಹರಿಯುತ್ತೆ ಅಂತ ಗಲ್ಲಾಪೆಟ್ಟಿಗೆ ಮುಂದೆ ನಿಂತು ಕಲಿತವನು. ಹೆಚ್ಚು ದುಡ್ಡು ತೋರಿಸಿ ಖಾಂಜೊಂಕೊವ್ ಕಂಪನಿಯಿಂದ ವೇರಾಳನ್ನು, ನಿರ್ದೇಶಕ ಪ್ಯೋತ್ರ್ ಚಾರ್ದಿನಿನ್‌ನನ್ನು, ನಾಯಕ ವಿತೋಲ್ಡ್ ಪೊಲೋನ್‌ಸ್ಕಿಯನ್ನು ಎಳೆದುಕೊಂಡ.

ಆ ಕಾಲದಲ್ಲಿ ಎಲ್ಲರ ಬಾಯಲ್ಲಿದ್ದ ಪ್ರೇಮಗೀತೆಗಳ ಹೆಸರನ್ನೇ ಚಿತ್ರಕ್ಕೆ ಇಡುವ ಉಪಾಯ ಹೂಡಿದರು. 1917ರ 'ಅಗ್ಗಿಷ್ಟಿಕೆಯ ಬಳಿ' ಹಾಗೆ ಬಂದದ್ದು. ಕತೆ ಹಳೆಯದೇ. ಗಂಡ, ಹೆಂಡತಿ, ನಡುವೆ ಇನ್ನೊಬ್ಬ. ಆದರೆ ಜನ ಮುಗಿಬಿದ್ದರು. ಎಷ್ಟೆಂದರೆ ಅದರ ಮುಂದುವರಿದ ಭಾಗವನ್ನೂ ಅವಸರದಲ್ಲಿ ತೆಗೆದರು.

1918ರ 'ಸುಮ್ಮನಿರು ದುಃಖವೇ, ಸುಮ್ಮನಿರು' ಚಾರ್ದಿನಿನ್ ಚಿತ್ರರಂಗಕ್ಕೆ ಬಂದು ಹತ್ತು ವರ್ಷವಾದ ನೆನಪಿಗೆ ತೆಗೆದ ಎರಡು ಭಾಗದ ಚಿತ್ರ. ಅಂದಿನ ದೊಡ್ಡ ತಾರೆಗಳೆಲ್ಲ ಒಂದೇ ಕಡೆ. ವೇರಾ ಸರ್ಕಸ್ ಹುಡುಗಿ. ಗಂಡ ಕುಡುಕ, ಆಟದಲ್ಲಿ ಬಿದ್ದು ಕೆಲಸಕ್ಕೆ ಬಾರದವನಾಗುತ್ತಾನೆ. ಇಬ್ಬರೂ ಬೀದಿಯಲ್ಲಿ ಹಾಡಿ ಹೊಟ್ಟೆ ಹೊರೆಯುತ್ತಾರೆ, ಶ್ರೀಮಂತರ ಕಣ್ಣು ಅವಳ ಮೇಲೆ ಬೀಳುತ್ತೆ. ಅದೇ ವರ್ಷ ಟಾಲ್‌ಸ್ಟಾಯ್ ನಾಟಕ 'ಜೀವಂತ ಶವ' ಆಧರಿಸಿದ ಚಿತ್ರದಲ್ಲಿ ಜಿಪ್ಸಿ ಹುಡುಗಿ ಮಾಷಾಳಾದಳು. ಬರೀ ಅಂದಗಾತಿ ಎಂದಿದ್ದವರೂ ಈಕೆ ನಟನೆ ಕಲಿತಿದ್ದಾಳೆ ಎಂದು ಒಪ್ಪಿಕೊಳ್ಳುವ ಹೊತ್ತು ಬಂದಿತ್ತು.

ಅವಳ ಮುಖದ ಪೋಸ್ಟ್‌ಕಾರ್ಡುಗಳು ಊರೂರಿನಲ್ಲಿ ಮಾರಾಟವಾಗುತ್ತಿದ್ದವು. ಅವಳ ಹ್ಯಾಟು, ಉಡುಪು ನೋಡಿ ಹೆಂಗಸರು ಅದೇ ಥರ ಹೊಲಿಸಿಕೊಂಡರು. ತಮಾಷೆ ಅಂದರೆ ಆ ಹ್ಯಾಟು ಉಡುಪುಗಳಲ್ಲಿ ಎಷ್ಟೋ ಆಕೆ ಮನೆಯಲ್ಲಿ ಕೂತು ತಾನೇ ಮಾಡಿಕೊಂಡವು. ಬಿಡುವಿದ್ದಾಗ ಗಾಯಾಳು ಸಿಪಾಯಿಗಳ ಸಹಾಯಕ್ಕಾಗಿ ನಡೆಯುವ ಕಾರ್ಯಕ್ರಮಗಳಿಗೆ ಹೋಗುತ್ತಿದ್ದಳು. ತನ್ನ ಗಂಡನೂ ಅವರಲ್ಲೊಬ್ಬನಾಗಿದ್ದ ನೆನಪು ಹಸಿಯಾಗಿತ್ತಲ್ಲ.

ಬದುಕಿದ್ದಾಗಲೇ ಶವಪೆಟ್ಟಿಗೆ ಹಾಡು

ಆಕೆಯ ಮೋಹಕ್ಕೆ ಬಿದ್ದವರಲ್ಲಿ ಅಲೆಕ್ಸಾಂಡರ್ ವೆರ್ತಿನ್‌ಸ್ಕಿ ಎಂಬ ಗಾಯಕನೂ ಒಬ್ಬ. ಯುದ್ಧದಲ್ಲಿ ಆಸ್ಪತ್ರೆ ರೈಲಿನಲ್ಲಿ ಗಾಯಾಳುಗಳಿಗೆ ಪಟ್ಟಿ ಕಟ್ಟುತ್ತಿದ್ದವನು, ಆಮೇಲೆ ಮುಖಕ್ಕೆ ಬಿಳಿ ಬಳಿದುಕೊಂಡು ಕೋಡಂಗಿ ವೇಷದಲ್ಲಿ ದುಃಖದ ಹಾಡು ಹಾಡಿ ಹೆಸರಾದವನು. ವೇರಾಳ ಮನೆಗೆ ಬರುವುದು, ಸುಮ್ಮನೆ ನೋಡುತ್ತಾ ಕೂರುವುದು, ಹಾಡು ಬರೆದು ಅರ್ಪಿಸುವುದು.

ಹಾಗೆ ಬರೆದ ಒಂದು ಹಾಡಿನಲ್ಲಿ ಅವಳನ್ನು ಸತ್ತು ಮಲಗಿರುವಂತೆ ವರ್ಣಿಸಿಬಿಟ್ಟ. ಬೆರಳಿಗೆ ಧೂಪದ ವಾಸನೆ, ಮುಂದೆ ಸ್ವರ್ಗದ ದಾರಿ, ಈ ಧಾಟಿಯದು. ಓದಿದ ವೇರಾ ಹೌಹಾರಿದಳು. ಬದುಕಿರುವವಳನ್ನು ಶವಪೆಟ್ಟಿಗೆಯಲ್ಲಿ ಮಲಗಿಸಿದ ಹಾಡು ತನಗೆ ಬೇಡ, ಅರ್ಪಣೆ ತೆಗೆದುಹಾಕು ಅಂತ ಹಟ ಹಿಡಿದಳು. ಕವಿ ಮುನಿಸಿಕೊಂಡ. ಕೆಲವೇ ವರ್ಷದಲ್ಲಿ ರಸ್ತೋವ್ ಪಟ್ಟಣದಲ್ಲಿ ಕಾರ್ಯಕ್ರಮ ಕೊಡಲು ಹೋಗಿದ್ದಾಗ ಅವನಿಗೆ ಅವಳ ಸಾವಿನ ಸುದ್ದಿ ಸಿಕ್ಕಿತು. ಹಾಡೇ ಅಪಶಕುನವಾಯಿತು ಎಂದು ಜನ ಆಡಿಕೊಂಡರು. ಕತೆಗಳ ಸಾಲಿಗೆ ಇದೂ ಒಂದು ಸೇರಿತು.

ಒಡೆಸ್ಸಾ ದಾರಿ

ಅಷ್ಟರಲ್ಲಿ ರಷ್ಯಾ ತಲೆಕೆಳಗಾಗಿತ್ತು. 1917ರಲ್ಲಿ ಝಾರ್ ಸಿಂಹಾಸನ ಬಿಟ್ಟ. ಅದೇ ವರ್ಷ ಲೆನಿನ್‌ನ ಬೋಲ್ಷೆವಿಕರು ಅಧಿಕಾರ ಹಿಡಿದರು. ಮರುವರ್ಷ ಅಂತರ್ಯುದ್ಧ. ಮಾಸ್ಕೋದಲ್ಲಿ ಬ್ರೆಡ್ಡಿಗೆ ತತ್ವಾರ, ಸೌದೆಗೆ ತತ್ವಾರ, ಫಿಲ್ಮಿಗಂತೂ ಕೇಳುವುದೇ ಬೇಡ. ಬೌಎರ್ ಕೂಡ ಇರಲಿಲ್ಲ. 1917ರ ಬೇಸಿಗೆಯಲ್ಲಿ ಕ್ರೈಮಿಯಾದಲ್ಲಿ ಕಾಲು ಮುರಿದುಕೊಂಡು ಮಲಗಿದವನು ನ್ಯುಮೋನಿಯಾಕ್ಕೆ ಬಲಿಯಾಗಿದ್ದ.

ಸಿನಿಮಾ ಕಂಪನಿಗಳು ಒಂದೊಂದಾಗಿ ದಕ್ಷಿಣಕ್ಕೆ ಹೊರಟವು. ಅಲ್ಲಿ ಬಿಸಿಲಿದೆ, ಅನ್ನವಿದೆ, ಕಷ್ಟ ಬಂದರೆ ಹಡಗೂ ಇದೆ. ಖಾಂಜೊಂಕೊವ್ ಯಾಲ್ಟಾಕ್ಕೆ, ಖಾರಿತೊನೊವ್ ಒಡೆಸ್ಸಾಕ್ಕೆ. 1918ರಲ್ಲಿ ವೇರಾಳೂ ಕಂಪನಿಯ ಜತೆ ಹೊರಟಳು. ತಾಯಿ, ಒಬ್ಬ ತಂಗಿ, ದೊಡ್ಡ ಮಗಳು ಜತೆಗೆ ಬಂದರು. ಗಂಡ, ಚಿಕ್ಕ ಮಗಳು, ಇನ್ನೊಬ್ಬ ತಂಗಿ ಮಾಸ್ಕೋದಲ್ಲೇ ಉಳಿದರು. ಚಿತ್ರೀಕರಣ ಮುಗಿದರೆ ವಾಪಸು ಅನ್ನೋ ಲೆಕ್ಕ. ನಡುವೆ ಯುದ್ಧದ ಗಡಿ ಬೆಳೆದು ಸಂಸಾರ ಎರಡು ಹೋಳಾಯಿತು. ಆ ಹೋಳು ಮತ್ತೆ ಕೂಡಲೇ ಇಲ್ಲ.

ಅದೇ ಡಿಸೆಂಬರಿನಲ್ಲಿ ಒಡೆಸ್ಸಾಕ್ಕೆ ಫ್ರೆಂಚ್ ಸೈನ್ಯ ಬಂದಿಳಿಯಿತು. ಊರಿನಲ್ಲಿ ಫ್ರೆಂಚರು, ಗ್ರೀಕರು, ಕೆಂಪರ ವಿರುದ್ಧ ಹೋರಾಡುವ ಬಿಳಿ ಪಡೆಯವರು. ಒಳಗೊಳಗೇ ಬೋಲ್ಷೆವಿಕರ ಗುಪ್ತ ಸಂಘಟನೆ. ಇವರ ಮಧ್ಯೆ ಉತ್ತರದಿಂದ ಓಡಿಬಂದ ಶ್ರೀಮಂತರು, ಕಲಾವಿದರು, ಕಾಳಸಂತೆಯವರು. ಯಾರು ಯಾರ ಕಡೆ ಅಂತ ಯಾರಿಗೂ ಗೊತ್ತಿಲ್ಲ. ಪಕ್ಕದ ಮೇಜಿನವನು ಗೂಢಚಾರನೇ ಇರಬೇಕು ಅನ್ನೋ ಅನುಮಾನ ಎಲ್ಲರಿಗೂ.

ಎಂಟು ದಿನದ ಜ್ವರ

1919ರ ಜನವರಿಯಲ್ಲಿ ಮೊದಲ ಪೆಟ್ಟು ಬಿತ್ತು. ವೇರಾಳ ಎಷ್ಟೋ ಚಿತ್ರಗಳ ನಾಯಕ ಪೊಲೋನ್‌ಸ್ಕಿ ಒಡೆಸ್ಸಾದಲ್ಲೇ ತೀರಿಕೊಂಡ. ತಿಂದ ಆಹಾರ ವಿಷವಾಯಿತು ಅಂತ ಹೇಳಿದರು.

ಆ ಚಳಿಗಾಲದಲ್ಲಿ ಚಿತ್ರೀಕರಣ ಕಷ್ಟವಾಗಿತ್ತು. ನಟ ನಟಿಯರು ಸಭೆ ಸಮಾರಂಭಗಳಲ್ಲಿ ಕಾರ್ಯಕ್ರಮ ಕೊಡುತ್ತಿದ್ದರು. ಸೌದೆ ಇಲ್ಲದ ಊರು, ಬೆಚ್ಚಗಿಲ್ಲದ ಸಭಾಂಗಣ. ನೋಡುವವರು ಉಣ್ಣೆ ಕೋಟು ಹೊದ್ದು ಕೂತರೆ ವೇದಿಕೆ ಮೇಲಿನ ತಾರೆ ತೆಳು ಉಡುಪಿನಲ್ಲಿ ನಿಲ್ಲಬೇಕು. ಫೆಬ್ರವರಿ ಎರಡನೇ ವಾರದಲ್ಲಿ ಅಂಥದ್ದೇ ಒಂದು ಕಾರ್ಯಕ್ರಮ ಮುಗಿಸಿ ಬಂದ ವೇರಾ ಮಲಗಿದಳು. ಜ್ವರ ಏರಿತು. ಊರಿನ ದೊಡ್ಡ ದೊಡ್ಡ ವೈದ್ಯರು ಬಂದರು. ಜ್ವರ ಶ್ವಾಸಕೋಶಕ್ಕೆ ಇಳಿದಿತ್ತು. ಒಂದು ವಾರ ಕಳೆಯುವಷ್ಟರಲ್ಲಿ ಎಲ್ಲ ಮುಗಿಯಿತು. ಮನೆಯಲ್ಲಿ ಆರು ವರ್ಷದ ಮಗಳಿದ್ದಳು.

ಈ ಜ್ವರದ ಗುಣವೇ ಹಾಗಿತ್ತು. ಮಾಮೂಲಿ ಫ್ಲೂ ಮುದುಕರನ್ನು, ಹಸುಗೂಸುಗಳನ್ನು ಹಿಡಿದರೆ ಇದು 20ರಿಂದ 40 ವಯಸ್ಸಿನ ಗಟ್ಟಿಮುಟ್ಟಾದವರನ್ನೇ ಹುಡುಕಿ ಹೊಡೆಯುತ್ತಿತ್ತು. ಶ್ವಾಸಕೋಶದಲ್ಲಿ ನೀರು ತುಂಬಿ ತುಟಿ ನೀಲಿಗಟ್ಟುತ್ತಿತ್ತು. ಮದ್ದು ಇರಲಿಲ್ಲ. ಪೆನಿಸಿಲಿನ್ ಗೊತ್ತಾಗಿದ್ದು 1928ರಲ್ಲಿ, ಮನುಷ್ಯರ ಫ್ಲೂ ವೈರಸ್ ಕೈಗೆ ಸಿಕ್ಕಿದ್ದು 1933ರಲ್ಲಿ. ಇದೇ ಜ್ವರ 1918ರಲ್ಲಿ ಬೊಂಬಾಯಿ ಬಂದರಿಗೆ ಬಂದು ರೈಲು ಹಿಡಿದು ದೇಶವೆಲ್ಲ ಸುತ್ತಿತು. ನಮ್ಮ ಮೈಸೂರು ಸಂಸ್ಥಾನವನ್ನೂ ಬಿಡಲಿಲ್ಲ. ದೇಶದಲ್ಲಿ ಸತ್ತವರು ಒಂದು ಕೋಟಿಗೂ ಹೆಚ್ಚು. ಆ ಕೋಟಿ ಜನರ ಸಾವಿಗೆ ಯಾರೂ ರೋಚಕ ಕತೆ ಕಟ್ಟಲಿಲ್ಲ.

ಬಿಳಿ ಹೂವಿನ ಪುಕಾರು

ವೇರಾಳಿಗೆ ಕಟ್ಟಿದರು. ಎಲ್ಲಕ್ಕಿಂತ ಜನಪ್ರಿಯವಾದದ್ದು ಲಿಲ್ಲಿ ಹೂವಿನ ಕತೆ. ಒಡೆಸ್ಸಾದಲ್ಲಿದ್ದ ಫ್ರೆಂಚ್ ರಾಯಭಾರಿ ಆಕೆಯ ಮೇಲೆ ಕಣ್ಣು ಹಾಕಿದ್ದನಂತೆ. ಆಕೆ ಬೋಲ್ಷೆವಿಕರ ಗೂಢಚಾರಿಣಿ ಅಂತ ತಿಳಿದು ವಿಷ ಹಾಕಿದ ಬಿಳಿ ಲಿಲ್ಲಿ ಹೂವಿನ ಗೊಂಚಲು ಕಳಿಸಿದನಂತೆ. ಮೂಸಿ ನೋಡಿದವಳು ಮೇಲೇಳಲಿಲ್ಲವಂತೆ. ಇದಕ್ಕೆ ಪೂರಾ ಉಲ್ಟಾ ಇನ್ನೊಂದು ಕತೆ. ಆಕೆ ಬಿಳಿಯರ ಕಡೆಯವಳು, ಕೆಂಪರು ಗುಂಡಿಟ್ಟರು. ಯಾರೋ ಪ್ರೇಮಿ ಕತ್ತು ಹಿಸುಕಿದ ಅಂತ ಮತ್ತೊಂದು. ಒಂದು ಕತೆ ನಿಜವಾದರೆ ಇನ್ನೊಂದು ಸುಳ್ಳಾಗಲೇಬೇಕು. ಜನ ಮಾತ್ರ ಎಲ್ಲವನ್ನೂ ಒಟ್ಟಿಗೆ ನಂಬಿದರು.

ಜನರನ್ನೇ ಬೈದರೆ ತಪ್ಪಾಗುತ್ತೆ. ಅಂಥ ಕೊಲೆಗಳು ಆ ಊರಿನಲ್ಲಿ ನಿಜವಾಗಿಯೂ ನಡೆಯುತ್ತಿದ್ದವು. ವೇರಾ ಸತ್ತ ಎರಡೇ ವಾರಕ್ಕೆ, ಮಾರ್ಚ್ ಮೊದಲಲ್ಲಿ, ಫ್ರೆಂಚ್ ಸಿಪಾಯಿಗಳ ನಡುವೆ ಬೋಲ್ಷೆವಿಕ್ ಪ್ರಚಾರ ಮಾಡುತ್ತಿದ್ದ ಜಾನ್ ಲಾಬುರ್ಬ್ ಎಂಬ ಫ್ರೆಂಚ್ ಶಿಕ್ಷಕಿಯನ್ನು ಹಿಡಿದು ಒಡೆಸ್ಸಾದಲ್ಲೇ ಗುಂಡಿಟ್ಟು ಕೊಂದರು. ಒಬ್ಬ ಹೆಂಗಸಿನ ವಿಷಯದಲ್ಲಿ ನಿಜವಾದದ್ದು ಇನ್ನೊಬ್ಬಳ ವಿಷಯದಲ್ಲೂ ನಿಜವಿರಬೇಕು ಅನಿಸುವುದು ಸಹಜ. ಜತೆಗೆ ನಾಯಕ ಪೊಲೋನ್‌ಸ್ಕಿಯ ಆಹಾರದ ವಿಷವೂ ನೆನಪಿನಲ್ಲಿತ್ತು. ಎರಡೂ ಸೇರಿ ಪುಕಾರಿಗೆ ರೆಕ್ಕೆ ಬಂತು.

ಆದರೆ ವೇರಾ ಗೂಢಚಾರಿಣಿ ಅನ್ನುವುದಕ್ಕೆ ಇವತ್ತಿನವರೆಗೆ ಗಟ್ಟಿ ಸಾಕ್ಷಿ ಸಿಕ್ಕಿಲ್ಲ. ದೇಹ ಕೆಡದಂತೆ ಔಷಧಿ ತುಂಬಿದ ವೈದ್ಯರೂ ಫ್ಲೂ ಎಂದೇ ಹೇಳಿದರು. ಚಿಕಿತ್ಸೆ ಕೊಟ್ಟವರೂ ಅದನ್ನೇ ಹೇಳಿದರು. ಹೂವಿನ ವಾಸನೆಯಿಂದ ಸತ್ತವಳಿಗೆ ಒಂದು ವಾರ ಜ್ವರ ಏಕೆ ಬಂತು ಅನ್ನೋದಕ್ಕೆ ಪುಕಾರಿನವರ ಹತ್ತಿರ ಉತ್ತರವಿಲ್ಲ.

ಉಳಿದದ್ದು ಏನು

ಅಂತ್ಯಯಾತ್ರೆಯ ದಿನ ಒಡೆಸ್ಸಾದ ಬೀದಿಗಳು ತುಂಬಿಹೋದವು. ಅವಳನ್ನು ವರ್ಷಗಟ್ಟಲೆ ಸೆರೆಹಿಡಿದ ಕ್ಯಾಮೆರಾ ಅವತ್ತೂ ತಿರುಗಿತು. ಆ ಶವಯಾತ್ರೆಯ ಚಿತ್ರ ಥಿಯೇಟರುಗಳಲ್ಲಿ ಓಡಿತು, ಈಗಲೂ ಉಳಿದಿದೆ. ಆಕೆ ನಟಿಸಿದ ಹತ್ತಾರು ಚಿತ್ರಗಳಲ್ಲಿ ಇವತ್ತಿಗೆ ಉಳಿದಿರುವುದು ಐದಾರು, ಅದರಲ್ಲೂ ಕೆಲವು ಅರ್ಧಂಬರ್ಧ. 'ಸುಮ್ಮನಿರು ದುಃಖವೇ'ಯ ಮೊದಲ ಭಾಗ ಇದೆ, ಎರಡನೆಯದಿಲ್ಲ. ಅಷ್ಟು ಗಲ್ಲಾ ತುಂಬಿಸಿದ 'ಅಗ್ಗಿಷ್ಟಿಕೆಯ ಬಳಿ' ಪೂರ್ತಿ ಕಳೆದುಹೋಗಿದೆ.

ಯುದ್ಧ ಮುಗಿದ ಮೇಲೆ ಮಾಸ್ಕೋಗೆ ಒಯ್ಯೋಣ ಅಂತ ದೇಹವನ್ನು ಒಡೆಸ್ಸಾದ ಸ್ಮಶಾನದ ಪ್ರಾರ್ಥನಾಮಂದಿರದಲ್ಲಿ ಇಟ್ಟರು. ಒಯ್ಯಬೇಕಾದ ಗಂಡನೂ ಅದೇ 1919ರಲ್ಲಿ ಮಾಸ್ಕೋದಲ್ಲಿ ತೀರಿಕೊಂಡ. ಏಪ್ರಿಲ್‌ನಲ್ಲಿ ಫ್ರೆಂಚರು ಹಡಗು ಹತ್ತಿದರು, ಕೆಂಪು ಸೈನ್ಯ ಊರು ಸೇರಿತು. ಖಾರಿತೊನೊವ್ ದೇಶ ಬಿಟ್ಟ. ವೆರ್ತಿನ್‌ಸ್ಕಿಯೂ 1920ರಲ್ಲಿ ಹೊರದೇಶಕ್ಕೆ ಹೋದವನು ವಾಪಸು ಬಂದದ್ದು 1943ರಲ್ಲಿ. 1930ರ ದಶಕದಲ್ಲಿ ಆ ಸ್ಮಶಾನವನ್ನೇ ನೆಲಸಮ ಮಾಡಿ ಪಾರ್ಕ್ ಮಾಡಿದರು. ವೇರಾಳ ಗೋರಿ ಎಲ್ಲಿದೆ ಅಂತ ತೋರಿಸುವುದಕ್ಕೆ ಗುರುತೇ ಇಲ್ಲ.

ಪುಕಾರಿಗೆ ಮಾತ್ರ ಸಾವಿಲ್ಲ. 1970ರ ದಶಕದಲ್ಲಿ ನಿಕಿತಾ ಮಿಖಾಲ್ಕೊವ್ ಎಂಬ ನಿರ್ದೇಶಕ 'ಪ್ರೇಮದ ದಾಸಿ' ಎಂಬ ಚಿತ್ರ ತೆಗೆದ. ವೇರಾಳ ನೆರಳಿನಂಥ ಒಬ್ಬ ಮೂಕಿಚಿತ್ರದ ತಾರೆ, ಯೆಲೆನಾ ಸೊಲೊವೇಯ್ ಮಾಡಿದ ಪಾತ್ರ. ಅದರಲ್ಲಿ ಆಕೆ ಛಾಯಾಗ್ರಾಹಕನೊಬ್ಬನ ಒಲವಿನಿಂದ ಬೋಲ್ಷೆವಿಕರ ಗುಪ್ತ ಕೆಲಸಕ್ಕೆ ಇಳಿಯುತ್ತಾಳೆ. ಚಿತ್ರ ಚೆನ್ನಾಗಿದೆ, ಲೋಕದಲ್ಲಿ ಹೆಸರೂ ಮಾಡಿತು. ನೋಡಿದವರಲ್ಲಿ ಎಷ್ಟೋ ಮಂದಿ ಅದೇ ಅಸಲಿ ಕತೆ ಅಂದುಕೊಂಡರು. 2003ರಲ್ಲಿ ಒಡೆಸ್ಸಾದವರು ಆಕೆ ಕೊನೆ ದಿನ ಕಳೆದ ಜಾಗದ ಹತ್ತಿರ ಒಂದು ಪ್ರತಿಮೆ ನಿಲ್ಲಿಸಿದರು. ಗೋರಿ ಇಲ್ಲದವಳಿಗೆ ಹೂವಿಡಲು ಒಂದು ಜಾಗವಾದರೂ ಆಯಿತು.

ಗೂಢಚಾರಿಣಿಯ ಕತೆ ಕೇಳಲು ರುಚಿ, ನಿಜ. ಆದರೆ ಆ ರುಚಿಯಲ್ಲಿ ಅಸಲಿ ಹೆಂಗಸು ಮರೆಯಾಗಿಹೋದಳು. ತಂದೆಯಿಲ್ಲದ ಮನೆಯಲ್ಲಿ ಬೆಳೆದವಳು, ಒಬ್ಬ ನಿರ್ದೇಶಕನಿಂದ ನಟನೆ ಬಾರದು ಅನಿಸಿಕೊಂಡವಳು, ಗಾಯಗೊಂಡ ಗಂಡನನ್ನು ಆರೈಕೆ ಮಾಡಿ ಬಂದು ಸ್ಟುಡಿಯೊದಲ್ಲಿ ದುಡಿದವಳು, ಐದು ವರ್ಷವೂ ತುಂಬದ ಅವಧಿಯಲ್ಲಿ ಒಂದು ದೇಶದ ಮನಸ್ಸು ಗೆದ್ದವಳು. ಬೆಚ್ಚಗಿಲ್ಲದ ಸಭಾಂಗಣದಲ್ಲಿ ಚಳಿ ಹಿಡಿದು ಜ್ವರಕ್ಕೆ ಸತ್ತಳು. ಆ ವರ್ಷ ಹಾಗೆ ಸತ್ತ ತಾಯಂದಿರು ಲೆಕ್ಕವಿಲ್ಲದಷ್ಟು. ಇವಳೂ ಅವರಲ್ಲಿ ಒಬ್ಬಳು.